ತಿರುಚೌಕ ದರ್ಶನ: ಪದೇ ಪದೇ ಕೇಳುವ ಪ್ರಶ್ನೆಗಳು

ಕೋನಾಡು ಎಂಬ ಕಲ್ಪಿತ ನಾಡಿನ ಕಥೆಗಳನ್ನು ನಾನು ಹಾಸನದ ನಮ್ಮ ಮನೆಯ ಜಗಲಿಯಲ್ಲಿ ಗೆಳೆಯರಿಗೆ ಓದಿ ಹೇಳತೊಡಗಿದಾಗ, ಕೇಳಿದವರ ಕುತೂಹಲ ಅಲ್ಲಿನ ಅರಸರ ಮೇಲಾಗಲಿ ಕಾಳಗಗಳ ಮೇಲಾಗಲಿ ನಿಲ್ಲದೆ, ಅಲ್ಲಿನ ಜನ ನಂಬಿ ಬದುಕುವ ತಿರುಚೌಕ ದರ್ಶನದ ಕಡೆಗೇ ಹರಿಯಿತು. ಬೇಲೂರು, ಸಕಲೇಶಪುರ, ಚಿಕ್ಕಮಗಳೂರುಗಳಿಂದ ಬರುವ ಓದುಗರೂ ಹೆಚ್ಚುಕಡಿಮೆ ಅವವೇ ಪ್ರಶ್ನೆಗಳನ್ನು ಕೇಳುತ್ತಾರೆ. ಪ್ರತಿಯೊಬ್ಬರಿಗೂ ಬೇರೆಬೇರೆಯಾಗಿ ಹೇಳುವಾಗ ನನ್ನ ಉತ್ತರಗಳೇ ಒಂದಕ್ಕೊಂದು ತಾಳೆಯಾಗದೆ ಹೋದದ್ದುಂಟು. ಆದ್ದರಿಂದ ಒಂದೇ ಕಡೆ ಬರೆದಿಡುತ್ತಿದ್ದೇನೆ.

ಇದು ನಿಜವಾಗಿಯೂ ಇದ್ದ ಮತವೇ?

ಅಲ್ಲ. ತಿರುಚೌಕ ದರ್ಶನವೂ ಕೋನಾಡೂ ನಾನು ಕಟ್ಟಿದ ಕಲ್ಪನೆಗಳು. ಯಾವ ಶಾಸನದಲ್ಲಾಗಲಿ ಆಗಮದಲ್ಲಾಗಲಿ ಇವುಗಳನ್ನು ಹುಡುಕಬಾರದು. ಆದರೆ ಈ ದರ್ಶನ ಆಧರಿಸಿರುವ ರೇಖಾಗಣಿತ ಕಲ್ಪನೆಯಲ್ಲ. ದೇವರು, ಮಳೆ, ಊರು, ಜನ ಇವೆಲ್ಲವನ್ನೂ ಬೇಕಾದಂತೆ ಕಟ್ಟಿಕೊಳ್ಳಬಹುದು, ಕೋನಗಳ ಲೆಕ್ಕವನ್ನು ಮಾತ್ರ ಒಂದು ಕೂದಲೆಳೆಯಷ್ಟೂ ಬದಲಿಸಕೂಡದು ಎಂಬ ಕಟ್ಟುಪಾಡನ್ನು ನಾನು ಮೊದಲ ದಿನವೇ ಹಾಕಿಕೊಂಡೆ. ಹೀಗಾಗಿ ಕೆಳಗೆ ಕೋನಾಡಿನವರ ನಂಬಿಕೆ ಎಂದು ಹೇಳಿದ್ದು ಕಥೆ. ಅಳತೆ ಎಂದು ಹೇಳಿದ್ದನ್ನು ತಾವು ಅಂಗಳದಲ್ಲಿ ಹಗ್ಗ ಹಿಡಿದು ಪರೀಕ್ಷಿಸಬಹುದು.

ಕೋನಾಡಿನ ವಿಶೇಷವೇನು?

ಅಲ್ಲಿ ಮಳೆ ನಮ್ಮ ಘಟ್ಟದಂಚಿನ ಮಳೆಯ ಹಾಗೆ ತಿಂಗಳುಗಟ್ಟಲೆ ಹಿಡಿಯುತ್ತದೆ. ಆದರೆ ಆ ಮಳೆಗೆ ಒಂದು ಗುಣವಿದೆ: ನೆಲದ ಮೇಲೆ ಬಳಪದ ಕಲ್ಲಿನ ಪುಡಿಯಿಂದ ಕರಾರುವಾಕ್ಕಾಗಿ ಎಳೆದ ಆಕೃತಿಯನ್ನು ಅದು ಅಳಿಸಲಾರದು. ಎಳೆದವರ ಕೈ ಎಲ್ಲಿ ತಪ್ಪಿದೆಯೋ ಅಲ್ಲಿಂದಲೇ ನೀರು ಒಳನುಗ್ಗಿ ಇಡೀ ಆಕೃತಿಯನ್ನು ಕೊಚ್ಚಿಕೊಂಡು ಹೋಗುತ್ತದೆ. ಅಲ್ಲಿನವರು ಮನೆ ಕಟ್ಟುವ ಮೊದಲು, ಮದುವೆ ಮಾಡುವ ಮೊದಲು, ಸತ್ತವರನ್ನು ಮಣ್ಣು ಮಾಡುವ ಮೊದಲು ನೆಲದ ಮೇಲೆ ಆಕೃತಿ ಎಳೆಯುತ್ತಾರೆ ಮತ್ತು ಮಳೆಗಾಗಿ ಕಾಯುತ್ತಾರೆ. ಅವರಿಗೆ ಕಾಗದವಿಲ್ಲ, ಅಳತೆಪಟ್ಟಿಯಿಲ್ಲ. ಗೂಟ ಮತ್ತು ಹಗ್ಗ ಎರಡೇ ಉಪಕರಣಗಳು. ಆ ಹಗ್ಗದಲ್ಲಿ ಒಂದು ಗಂಟೂ ಇರಕೂಡದು ಎಂಬ ನಿಯಮವಿದೆ, ಅದರ ಕಾರಣ ಮುಂದೆ ಬರುತ್ತದೆ.

ಈ ದರ್ಶನದ ತಿರುಳನ್ನು ಚಿಕ್ಕದಾಗಿ ಹೇಳಬಹುದೇ?

ಪ್ರತಿಯೊಂದು ಜೀವವೂ ಒಂದು ಚೌಕ. ಅದು ಒಂದು ಗೂಟದ ಸುತ್ತ ತಿರುಗುತ್ತದೆ, ನಿಂತಲ್ಲೆಲ್ಲ ತನ್ನ ನಾಲ್ಕು ಮೂಲೆಗಳ ಗುರುತನ್ನು ಬಿಟ್ಟು ಮುಂದೆ ಹೋಗುತ್ತದೆ. ಒಂದು ಚೌಕವನ್ನು ನಡುಬಿಂದುವಿನ ಸುತ್ತ 45 ಡಿಗ್ರಿ ತಿರುಗಿಸಿ ಮತ್ತೊಮ್ಮೆ ಎಳೆದರೆ ಎಂಟು ಮೂಲೆಗಳ ನಕ್ಷತ್ರ ಮೂಡುತ್ತದೆ, 22.5 ಡಿಗ್ರಿಗೊಮ್ಮೆ ನಿಲ್ಲಿಸಿ ನಾಲ್ಕು ಸಲ ಎಳೆದರೆ ಹದಿನಾರು ಮೂಲೆಗಳು. ಬಾಳೆಂದರೆ ಈ ತಿರುಗುವಿಕೆ, ನೆನಪೆಂದರೆ ಬಿಟ್ಟುಹೋದ ಮೂಲೆಗಳು ಎಂದು ಕೋನಾಡಿನವರು ತಿಳಿಯುತ್ತಾರೆ. ಎಷ್ಟು ತಿರುಗಿದರೂ ಹೊರಚಾಚಿದ ಪ್ರತಿ ಮೂಲೆಯೂ 90 ಡಿಗ್ರಿಯ ಮೂಲೆಯಾಗಿಯೇ ಉಳಿಯುತ್ತದೆ ಎಂಬ ಒಂದು ಸಂಗತಿಯ ಮೇಲೆ ಅವರ ನೀತಿ, ಆಚಾರ, ಜಗಳಗಳೆಲ್ಲ ನಿಂತಿವೆ.

ಬೇಲೂರು, ಹಳೇಬೀಡುಗಳ ಗುಡಿಗಳಿಗೂ ಇದಕ್ಕೂ ಏನು ಸಂಬಂಧ?

ಕಲ್ಪನೆ ಮೊಳೆತದ್ದು ಅಲ್ಲಿಯೇ. ವಿಷ್ಣುವರ್ಧನನ ಕಾಲದಲ್ಲಿ, 1117ರಲ್ಲಿ ಪ್ರತಿಷ್ಠೆಯಾದ ಬೇಲೂರಿನ ಚೆನ್ನಕೇಶವ ದೇವಾಲಯದ ವಿಮಾನವೂ (ಗರ್ಭಗುಡಿಯನ್ನೊಳಗೊಂಡ ಭಾಗ), 1121ರ ಸುಮಾರಿಗೆ ಕೆಲಸ ಮೊದಲಾದ ಹಳೇಬೀಡಿನ ಹೊಯ್ಸಳೇಶ್ವರವೂ ನಕ್ಷತ್ರಾಕಾರದ ತಳವಿನ್ಯಾಸವುಳ್ಳವು ಎಂಬುದನ್ನು ಶಾಲೆಯ ಪ್ರವಾಸದಲ್ಲಿ ಎಲ್ಲರೂ ಕೇಳಿರುತ್ತೇವೆ. ನಕ್ಷತ್ರವೆಂದ ಕೂಡಲೇ ಪುಸ್ತಕದ ಅಂಚಿನಲ್ಲಿ ಬರೆಯುವ ಚೂಪು ಮೂಲೆಯ ಐದುಮುಖದ ಆಕೃತಿ ಕಣ್ಣಿಗೆ ಬರುತ್ತದೆಯೇ ಹೊರತು, ಇದು ಒಂದೇ ನಡುಬಿಂದುವಿನ ಸುತ್ತ ತಿರುಗಿಸಿದ ಚೌಕಗಳಿಂದ ಹುಟ್ಟುವ ನಕ್ಷತ್ರವೆಂಬುದು ಹೊಳೆಯುವುದಿಲ್ಲ. ನನಗೂ ಬಹಳ ಕಾಲ ಹೊಳೆದಿರಲಿಲ್ಲ.

ಅದು ತಿಳಿದದ್ದು ಒಂದು ಬೆಳಗ್ಗೆ, ಬೇಲೂರಿನ ಜಗತಿಯ, ಅಂದರೆ ಗುಡಿ ನಿಂತಿರುವ ಎತ್ತರದ ಕಟ್ಟೆಯ, ಮೇಲೆ ಬರಿಗಾಲಿನಲ್ಲಿ ಸುತ್ತು ಬರುವಾಗ. ಜಗತಿಯ ಅಂಚೂ ಗೋಡೆಯ ಏರಿಳಿತವನ್ನೇ ಹಿಂಬಾಲಿಸುವುದರಿಂದ, ಪ್ರದಕ್ಷಿಣೆ ಹಾಕುವವನು ಪ್ರತಿ ಹತ್ತು ಹೆಜ್ಜೆಗೆ ಒಂದು ಮೂಲೆಯನ್ನು ಬಳಸಬೇಕಾಗುತ್ತದೆ. ಆಗಷ್ಟೇ ಮೇಲೇರುತ್ತಿದ್ದ ಬಿಸಿಲು ಒಂದು ಮುಖಕ್ಕೆ ನೇರವಾಗಿ ಬಿದ್ದಿತ್ತು, ಅದರ ಪಕ್ಕದ ಮುಖ ಪೂರ್ತಿ ನೆರಳಿನಲ್ಲಿತ್ತು, ನಡುವೆ ಕತ್ತರಿಸಿದಂಥ ಒಂದು ಗೆರೆ. ಕಾಲು ಗಂಟೆ ಕಳೆದು ಮತ್ತೆ ಅಲ್ಲಿಗೆ ಬರುವಷ್ಟರಲ್ಲಿ ಬೆಳಕು ಆ ಗೆರೆಯನ್ನು ದಾಟಿ ಪಕ್ಕದ ಮುಖದ ಸೊಂಟಪಟ್ಟಿಯ ಮಣಿಗಳ ಮೇಲೆ ಒಂದೊಂದಾಗಿ ಕೂರುತ್ತಿತ್ತು. ದುಂಡಗಿನ ಗೋಡೆಯಲ್ಲಿ ಈ ಗೆರೆ ಇರುವುದಿಲ್ಲ. ಬೆಳಕು ಯಾವಾಗ ನೆರಳಾಯಿತೆಂದು ಹೇಳಲಾಗದಂತೆ ಮಸುಕಾಗುತ್ತ ಹೋಗುತ್ತದೆ. ಕೋನಾಡಿನ ದರ್ಶನಕ್ಕೆ ಬೇಕಾದ ಮೊದಲ ವಾಕ್ಯ, ‘ಮೂಲೆಯಿಲ್ಲದವನಿಗೆ ಬೆಳಗಾದದ್ದು ತಿಳಿಯದು’ ಎಂಬುದು, ನನಗೆ ಅಲ್ಲಿ ದೊರಕಿತು. (ಮಧ್ಯಾಹ್ನ ಹೋಗುವವರು ಕಾಲುಚೀಲ ಒಯ್ಯುವುದು ಕ್ಷೇಮ, ಆ ಕಲ್ಲುಹಾಸಿನ ಮೇಲೆ ಹನ್ನೆರಡರ ಬಿಸಿಲಿಗೆ ಯಾವ ದರ್ಶನವೂ ನಿಲ್ಲುವುದಿಲ್ಲ.)

ಬೇಲೂರು, ಹಳೇಬೀಡು, ಸೋಮನಾಥಪುರಗಳ ದೇವಾಲಯಗಳು 2023ರಲ್ಲಿ ವಿಶ್ವಪರಂಪರೆಯ ಪಟ್ಟಿಗೆ ಸೇರಿದ ಮೇಲೆ ಈ ಕಡೆ ಬರುವವರು ಹೆಚ್ಚಿದ್ದಾರೆ. ಬಂದವರು ಅರಸೀಕೆರೆಯ ಈಶ್ವರ ದೇವಾಲಯವನ್ನೂ ನೋಡಬೇಕೆಂದು ನಾನು ಒತ್ತಾಯಿಸುತ್ತೇನೆ, ಏಕೆಂದರೆ ಅಲ್ಲಿ ಗರ್ಭಗುಡಿಯಷ್ಟೇ ಅಲ್ಲ, ಮುಂದಿನ ತೆರೆದ ಮಂಟಪವೂ ಹದಿನಾರು ಮೂಲೆಯ ನಕ್ಷತ್ರ. ಚೌಕವನ್ನು ಇನ್ನೂ ಹೆಚ್ಚು ಸಲ ತಿರುಗಿಸಿದರೆ ಏನಾಗುತ್ತದೆಂದು ನೋಡುವ ಆಸೆಯುಳ್ಳವರು ಗದಗ ಜಿಲ್ಲೆಯ ಡಂಬಳಕ್ಕೆ ಹೋಗಬೇಕು. ಅಲ್ಲಿನ ದೊಡ್ಡಬಸಪ್ಪ ದೇವಾಲಯ ಇಪ್ಪತ್ತನಾಲ್ಕು ಮೂಲೆಯದು, ಆದರೆ ಅದು ಹೊಯ್ಸಳರದ್ದಲ್ಲ, ಕಲ್ಯಾಣ ಚಾಲುಕ್ಯ ಪರಂಪರೆಯದು.

ಇನ್ನೊಂದು ಸಂಗತಿಯನ್ನೂ ಗುಡಿಗಳಿಂದ ಎರವಲು ಪಡೆದಿದ್ದೇನೆ. ಗರ್ಭಗುಡಿ ಮಂಟಪಕ್ಕೆ ಕೂಡಿಕೊಳ್ಳುವ ಕಡೆಯಲ್ಲಿ ನಕ್ಷತ್ರದ ಕೆಲವು ಮೂಲೆಗಳು ಕಟ್ಟಡದೊಳಗೆ ಅಡಗಿಹೋಗುತ್ತವೆ. ಹೊರಗೆ ನಿಂತು ಎಣಿಸಿದರೆ ಹದಿನಾರು ಸಿಗುವುದಿಲ್ಲ. ಬಾಗಿಲಿರುವ ಕಡೆ ಮೂಲೆ ಕಾಣದು ಎಂಬುದನ್ನು ಕೋನಾಡಿನವರು ಗಾದೆಯಂತೆ ಬಳಸುತ್ತಾರೆ: ಒಬ್ಬ ಮನುಷ್ಯ ತನ್ನೊಳಕ್ಕೆ ನಮ್ಮನ್ನು ಬರಗೊಟ್ಟ ಕಡೆಯಲ್ಲಿ ಅವನ ಒರಟುತನ ನಮಗೆ ಕಾಣಿಸುವುದಿಲ್ಲ ಎಂದು ಅದರ ಅರ್ಥ.

ಪರಿಪೂರ್ಣವಾದದ್ದು ವೃತ್ತವಲ್ಲವೇ? ಮೂಲೆಗೇಕೆ ಇಷ್ಟು ಮಹತ್ವ?

ಇದು ಅತಿ ಹೆಚ್ಚು ಕೇಳಿಬರುವ ಪ್ರಶ್ನೆ, ಕೋನಾಡಿನ ಅತಿ ಹಳೆಯ ಜಗಳವೂ ಇದೇ. ಅಲ್ಲಿ ದುಂಡಿನವರು ಎಂಬ ಒಂದು ಪಂಥವಿದೆ. ಚೌಕವನ್ನು ತಿರುಗಿಸುತ್ತ ತಿರುಗಿಸುತ್ತ ಹೋದರೆ ಮೂಲೆಗಳು ಚಿಕ್ಕದಾಗುತ್ತ ಕೊನೆಗೆ ವೃತ್ತವೇ ಆಗುತ್ತದೆ, ಆದ್ದರಿಂದ ಮೂಲೆ ಎಂಬುದು ಇನ್ನೂ ತಿರುಗಿ ಮುಗಿಯದವನ ಕೊರತೆ ಎಂದು ಅವರ ವಾದ. ಇದಕ್ಕೆದುರಾಗಿ ಮೂಲೆಯವರು ಹಗ್ಗವನ್ನೇ ಸಾಕ್ಷಿಗೆ ಕರೆಯುತ್ತಾರೆ. ಆ ಸಾಕ್ಷ್ಯವನ್ನು ಸ್ವಲ್ಪ ವಿವರವಾಗಿ ನೋಡಬೇಕು.

ಗೂಟದಿಂದ ಮೂಲೆಗೆ 10 ಅಡಿ ಇರುವ ಒಂದು ಚೌಕವನ್ನು ಎಳೆದರೆ ಅದರ ಸುತ್ತಳತೆ ಸುಮಾರು 56.6 ಅಡಿ. ಅದನ್ನು ಒಮ್ಮೆ ತಿರುಗಿಸಿ ಎಂಟು ಮೂಲೆಯ ನಕ್ಷತ್ರ ಮಾಡಿದಾಗ ಹೊರಗೆರೆಯ ಉದ್ದ 66.3 ಅಡಿಯಾಗುತ್ತದೆ. ಹದಿನಾರು ಮೂಲೆಗೆ 75.1 ಅಡಿ, ಇಪ್ಪತ್ತನಾಲ್ಕಕ್ಕೆ 79 ಅಡಿ. ಈಗ ಆ ಎಲ್ಲ ಮೂಲೆಗಳನ್ನೂ ಮುಟ್ಟುವ ವೃತ್ತವನ್ನು ಎಳೆದು ಅಳೆದರೆ ಸಿಗುವುದು 62.8 ಅಡಿ ಮಾತ್ರ. ಎಂದರೆ ಎಂಟು ಮೂಲೆಗಳಾಗುವಷ್ಟರಲ್ಲಿಯೇ ನಕ್ಷತ್ರದ ಗೋಡೆ, ತನ್ನನ್ನು ಒಳಗಿಟ್ಟುಕೊಂಡ ವೃತ್ತಕ್ಕಿಂತ ಉದ್ದವಾಗಿಬಿಟ್ಟಿರುತ್ತದೆ. ಮುಂದೆ ಎಷ್ಟು ತಿರುಗಿಸಿದರೂ ಅದು ವೃತ್ತದ ಉದ್ದಕ್ಕೆ ಹಿಂದಿರುಗುವುದಿಲ್ಲ. ಬೆಳೆಯುತ್ತ ಬೆಳೆಯುತ್ತ 88.9 ಅಡಿಯ ಒಂದು ಮಿತಿಯ ಹತ್ತಿರಕ್ಕೆ ಹೋಗುತ್ತದೆ, ಅದನ್ನು ಮುಟ್ಟುವುದೂ ಇಲ್ಲ.

ಆ ಮಿತಿ ಬೇರೆಲ್ಲಿಂದಲೋ ಬಂದದ್ದಲ್ಲ. ವೃತ್ತದ ಸುತ್ತಳತೆಯನ್ನು ಎರಡರ ವರ್ಗಮೂಲದಿಂದ ಗುಣಿಸಿದರೆ ದೊರೆಯುವ ಸಂಖ್ಯೆಯೇ ಅದು. ನಕ್ಷತ್ರದ ಹಲ್ಲು, ಅಂದರೆ ಹೊರಚಾಚಿದ ಮೂಲೆ, ಎಷ್ಟೇ ಸಣ್ಣದಾದರೂ ಅದರ ತುದಿ 90 ಡಿಗ್ರಿಯದೇ ಆಗಿರುವುದರಿಂದ, ಪ್ರತಿ ಹಲ್ಲಿನ ಎರಡು ಅಂಚುಗಳ ಒಟ್ಟು ಉದ್ದ ಅದರ ಬುಡದ ಅಗಲಕ್ಕಿಂತ ಅಷ್ಟು ಪಟ್ಟು ಹೆಚ್ಚಾಗಿರುತ್ತದೆ. ಚೌಕದ ಬಾಹುವಿಗೂ ಕರ್ಣಕ್ಕೂ ಇರುವ ಸಂಬಂಧವೇ ಇದು. ಯಜ್ಞವೇದಿಗಳ ಅಳತೆಯನ್ನು ಹೇಳುವ ಹಳೆಯ ಗ್ರಂಥವಾದ ಬೌಧಾಯನ ಶುಲ್ಬಸೂತ್ರ ಈ ಸಂಖ್ಯೆಗೆ ಕೊಡುವ ಬೆಲೆ, ಒಂದು, ಅದರ ಮೂರನೆಯ ಒಂದು, ಅದರ ಕಾಲುಭಾಗ, ಅದರಲ್ಲಿ ಮೂವತ್ತನಾಲ್ಕನೆಯ ಒಂದು ಕಳೆದದ್ದು, ಐದು ದಶಮಾಂಶ ಸ್ಥಾನಗಳವರೆಗೆ ಸರಿಯಾಗಿದೆ. ಶುಲ್ಬವೆಂದರೂ ಹಗ್ಗವೇ ಎಂಬುದನ್ನು ಇಲ್ಲಿ ನೆನೆಯಬಹುದು.

ಆದ್ದರಿಂದ ಮೂಲೆಯವರ ತೀರ್ಪು ಹೀಗಿದೆ: ತಿರುಗುವ ಚೌಕದ ಒಳಗಿನ ನೆಲ ವೃತ್ತದ ನೆಲಕ್ಕೆ ಎಷ್ಟು ಬೇಕಾದರೂ ಹತ್ತಿರವಾಗಲಿ, ಅದರ ಗೋಡೆ ವೃತ್ತದ ಗೋಡೆಯಾಗುವುದೇ ಇಲ್ಲ. ದೂರದಿಂದ ನೋಡುವವನಿಗೆ ದುಂಡಾಗಿ ಕಂಡ ಹಿರಿಯ ಜೀವದ ಮೈಯನ್ನು ಕೈಯಿಂದ ಸವರಿದರೆ ಲೆಕ್ಕವಿಲ್ಲದಷ್ಟು ಮೂಲೆಗಳು ತಾಗುತ್ತವೆ. ದುಂಡಿನವರು ಇದಕ್ಕೆ ಇಂದಿನವರೆಗೂ ಸರಿಯಾದ ಉತ್ತರ ಕೊಟ್ಟಿಲ್ಲ. ‘ಮುಟ್ಟಿ ನೋಡಬಾರದು’ ಎಂಬ ಒಂದು ನಿಷೇಧವನ್ನಷ್ಟೇ ಹೊರಡಿಸಿದ್ದಾರೆ. ನಾವು ಒಬ್ಬನನ್ನು ಮೂಲೆಗುಂಪು ಮಾಡಿದರು ಎಂದು ಮರುಗುವ ಮಾತು ಕೋನಾಡಿನಲ್ಲಿ ಸನ್ಮಾನದ ಮಾತು. ಶಿಲ್ಪಿಯ ದೃಷ್ಟಿಯಿಂದ ನೋಡಿದರೂ ಅದೇ ವೃತ್ತದೊಳಗೆ ಎಳೆದ ಹದಿನಾರು ಮೂಲೆಯ ಗೋಡೆ, ಚೌಕದ ಗೋಡೆಗಿಂತ ಮೂರರಲ್ಲಿ ಒಂದು ಭಾಗದಷ್ಟು ಉದ್ದವಾಗಿ ವಿಗ್ರಹಗಳಿಗೆ ಜಾಗ ಕೊಡುತ್ತದೆ.

ಗೂಟವೆಂದರೆ ದೇವರೇ?

ಕೋನಾಡಿನವರನ್ನು ಕೇಳಿದರೆ ಗೂಟ ದೇವರಲ್ಲ, ಗೂಟ ಕಿತ್ತ ಮೇಲೆ ಉಳಿಯುವ ತೂತು ದೇವರು ಎನ್ನುತ್ತಾರೆ. ಆಕೃತಿ ಮುಗಿದ ಮೇಲೆ ಗೂಟವನ್ನು ಕೀಳುವುದು ಕಡ್ಡಾಯ. ಆ ತೂತಿಗೆ ಪೂಜೆಯಿಲ್ಲ. ಅದರ ಮೇಲೆ ಯಾರೂ ಕಾಲಿಡುವುದಿಲ್ಲ, ಅಷ್ಟೇ.

ಹಗ್ಗದಲ್ಲಿ ಗಂಟು ಇರಕೂಡದು ಎಂದರೆ ಅದನ್ನು ಗೂಟಕ್ಕೆ ಕಟ್ಟುವುದು ಹೇಗೆ?

ಕಟ್ಟುವುದಿಲ್ಲ. ಒಬ್ಬರು ಗೂಟದ ಬುಡದಲ್ಲಿ ಕುಕ್ಕರಗಾಲಿನಲ್ಲಿ ಕುಳಿತು ಹಗ್ಗದ ತುದಿಯನ್ನು ಹೆಬ್ಬೆರಳಿನಿಂದ ಗೂಟಕ್ಕೆ ಒತ್ತಿ ಹಿಡಿಯುತ್ತಾರೆ, ಇನ್ನೊಬ್ಬರು ಇನ್ನೊಂದು ತುದಿ ಹಿಡಿದು ಸುತ್ತು ಬರುತ್ತಾರೆ. ಮೊದಲಿನವರನ್ನು ಗೂಟದವರು ಎಂದೂ ಎರಡನೆಯವರನ್ನು ಹಗ್ಗದವರು ಎಂದೂ ಕರೆಯುತ್ತಾರೆ. ಗಂಡ ಹೆಂಡತಿ, ಗುರು ಶಿಷ್ಯ, ಅತ್ತೆ ಸೊಸೆ ಯಾರೇ ಆದರೂ ವರ್ಷಕ್ಕೊಮ್ಮೆ ಸ್ಥಾನ ಬದಲಿಸಬೇಕು. ಒಬ್ಬನೇ ಮಾಡುವ ಸಾಧನೆ ಈ ದರ್ಶನದಲ್ಲಿ ಇಲ್ಲವೇ ಇಲ್ಲ.

ಗಂಟಿನ ನಿಷೇಧಕ್ಕೆ ಗಣಿತದ ಕಾರಣವೂ ಇದೆ. ನಮ್ಮೂರಿನ ಗಾರೆ ಮೇಸ್ತ್ರಿ ತಳಪಾಯದ ಮೂಲೆ ಹಿಡಿಯುವಾಗ ದಾರದ ಮೇಲೆ ಮೂರಡಿ, ನಾಲ್ಕಡಿಗೆ ಗುರುತು ಮಾಡಿ, ಅವುಗಳ ನಡುವಿನ ಓರೆ ಅಳತೆ ಐದಡಿ ಬಂದರೆ ಮೂಲೆಮಟ್ಟ ಸರಿಯಿದೆ ಎನ್ನುತ್ತಾನೆ. ಇದು ಗುರುತಿನ ವಿದ್ಯೆ. ಹಗ್ಗದ ಮೇಲೆ ಗುರುತು ಮಾಡಿ ಅದನ್ನು ಗೆರೆಗಳ ನಡುವೆ ಜಾರಿಸುವ ಸ್ವಾತಂತ್ರ್ಯ ಕೊಟ್ಟರೆ, ಬರಿಯ ಹಗ್ಗದಿಂದ ಆಗದ ಆಕೃತಿಗಳೂ ಸಾಧ್ಯವಾಗಿಬಿಡುತ್ತವೆ. ಹಾಗೆ ಸಾಧ್ಯವಾದರೆ ಮುಂದಿನ ಪ್ರಶ್ನೆಯ ಉತ್ತರವೇ ಕುಸಿದುಬೀಳುತ್ತದೆ. ನನ್ನ ಮೊದಲ ಕರಡಿನಲ್ಲಿ ಹಗ್ಗಕ್ಕೆ ಗಂಟುಗಳಿದ್ದವು; ಚಿಕ್ಕಮಗಳೂರಿನಿಂದ ಬಂದಿದ್ದ ಗಣಿತದ ಮೇಷ್ಟ್ರೊಬ್ಬರು ಕಾಫಿ ಲೋಟ ಕೆಳಗಿಡುವುದಕ್ಕೂ ಮೊದಲೇ ಈ ಲೋಪವನ್ನು ಎತ್ತಿ ಹೇಳಿದರು. ಗಂಟುಗಳನ್ನು ಅಂದೇ ಬಿಚ್ಚಿದೆ.

ಏಳರ ಸಂದು ಎಂದರೇನು?

ಈ ದರ್ಶನದಲ್ಲಿ ನನಗೆ ತೀರ ಹತ್ತಿರವಾದ ಭಾಗ ಇದು, ಸ್ವಲ್ಪ ದೀರ್ಘವಾಗಿಯೇ ಹೇಳುತ್ತೇನೆ.

ಗುರುತಿಲ್ಲದ ಹಗ್ಗ ಮತ್ತು ಗೂಟ, ಅಥವಾ ಶಾಲೆಯ ಮಾತಿನಲ್ಲಿ ಅಳತೆಯಿಲ್ಲದ ಪಟ್ಟಿ ಮತ್ತು ಕೈವಾರ, ಇವೆರಡರಿಂದ ಸಮಬಾಹುಗಳ ಮೂರು, ನಾಲ್ಕು, ಐದು, ಆರು, ಎಂಟು ಮೂಲೆಯ ಆಕೃತಿಗಳನ್ನು ನಿಖರವಾಗಿ ಎಳೆಯಬಹುದು. ಹದಿನೇಳು ಬಾಹುಗಳದ್ದನ್ನೂ ಎಳೆಯಬಹುದೆಂದು ಜರ್ಮನಿಯ ಗಣಿತಜ್ಞ ಗೌಸ್ 1796ರಲ್ಲಿ ತೋರಿಸಿದರು. ಆದರೆ ಏಳು ಬಾಹುಗಳದ್ದು ಆಗುವುದಿಲ್ಲ. ಇದುವರೆಗೆ ಯಾರೂ ಮಾಡಿಲ್ಲ ಎಂಬ ಅರ್ಥದಲ್ಲಿ ಅಲ್ಲ, ಎಂದೆಂದಿಗೂ ಆಗಲಾರದು ಎಂಬ ಅರ್ಥದಲ್ಲಿ. ಇದು ಆಗದೆಂಬುದರ ರುಜುವಾತನ್ನು 1837ರಲ್ಲಿ ಫ್ರಾನ್ಸಿನ ಗಣಿತಜ್ಞ ವಾಂಟ್ಸೆಲ್ ಪೂರ್ಣಗೊಳಿಸಿದರು.

ಹತ್ತಿರ ಹೋಗುವ ಉಪಾಯಗಳು ಮಾತ್ರ ಇವೆ. ವೃತ್ತದೊಳಗೆ ಸಮಬಾಹು ತ್ರಿಕೋನವನ್ನು ಎಳೆದು, ಅದರ ಒಂದು ಬಾಹುವಿನ ಅರ್ಧವನ್ನು ಹಗ್ಗದಿಂದ ಅಳೆದುಕೊಂಡು, ಆ ಉದ್ದದಿಂದ ವೃತ್ತದ ಮೇಲೆ ಏಳು ಹೆಜ್ಜೆ ಇಟ್ಟರೆ, ಹೆಚ್ಚುಕಡಿಮೆ ಹೊರಟ ಜಾಗಕ್ಕೇ ಬರುತ್ತೇವೆ. ಹೆಚ್ಚುಕಡಿಮೆ ಮಾತ್ರ. 360 ಡಿಗ್ರಿಯ ಸುತ್ತಿನಲ್ಲಿ ಮುಕ್ಕಾಲು ಡಿಗ್ರಿಗಿಂತ ತುಸು ಹೆಚ್ಚು ಉಳಿದುಬಿಡುತ್ತದೆ. ಭಾಸ್ಕರಾಚಾರ್ಯರು 1150ರ ಲೀಲಾವತಿಯಲ್ಲಿ 120000 ವ್ಯಾಸದ ವೃತ್ತದೊಳಗಿನ ಏಳುಬಾಹುವಿನ ಒಂದು ಬಾಹುವಿಗೆ 52055 ಎಂದು ಕೊಟ್ಟಿದ್ದಾರೆ. ಇಂದಿನ ಲೆಕ್ಕದಲ್ಲಿ ಅದು 52066. ಅರ್ಧತ್ರಿಕೋನದ ಉಪಾಯ ಕೊಡುವುದು 51962. ಮೂರೂ ಎಷ್ಟು ಹತ್ತಿರವಿದ್ದರೂ, ಹಗ್ಗದ ಪಾಲಿಗೆ ಬಾಗಿಲು ಮುಚ್ಚಿಕೊಳ್ಳುವುದಿಲ್ಲ.

ಇದನ್ನು ಕಣ್ಣಾರೆ ನೋಡಬೇಕೆಂದು ಮೂಡಿಗೆರೆ ಕಡೆಯ ನಮ್ಮ ದೊಡ್ಡಪ್ಪನ ತೋಟದಲ್ಲಿ, ಕಾಫಿ ಒಣಗಿಸಿ ಎತ್ತಿದ ಮೇಲೆ ಖಾಲಿಯಾಗಿದ್ದ ಕಣದಲ್ಲಿ, ಹತ್ತಡಿ ಹಗ್ಗದಿಂದ ಪ್ರಯತ್ನಿಸಿದೆ. ಸಿಮೆಂಟಿನ ಕಣಕ್ಕೆ ಗೂಟ ಹೊಡೆಯಲಾಗದ್ದರಿಂದ ಒಂದು ಹಳೆಯ ಪಿಕಾಸಿಯನ್ನು ನಿಲ್ಲಿಸಿ, ತಂಗಿಯ ಮಗನನ್ನು ಗೂಟದವನನ್ನಾಗಿ ಕೂರಿಸಿದೆ. ಮೊದಲನೆಯ ಸಲ ನಾಲ್ಕು ಅಂಗುಲದ ಸಂದು ಉಳಿಯಿತು. ಹುಡುಗನ ಹೆಬ್ಬೆರಳು ಜಾರಿತ್ತು, ಅವನು ಒಪ್ಪಲಿಲ್ಲ. ಎರಡನೆಯ ಸಲ ಇಬ್ಬರೂ ಉಸಿರು ಹಿಡಿದು ಮಾಡಿದಾಗ ಏಳನೆಯ ಗುರುತಿಗೂ ಮೊದಲನೆಯ ಗುರುತಿಗೂ ನಡುವೆ ನನ್ನ ಎರಡು ಬೆರಳು ಸರಿಯಾಗಿ ಕೂರುವಷ್ಟು ಜಾಗ ಇತ್ತು. ಲೆಕ್ಕದ ಪ್ರಕಾರ ಅಲ್ಲಿರಬೇಕಾದದ್ದು ಒಂದೂವರೆ ಅಂಗುಲಕ್ಕಿಂತ ಒಂದು ನೂಲು ಹೆಚ್ಚು. ಸೀಮೆಸುಣ್ಣದ ಆ ಎರಡು ಗೀಟುಗಳನ್ನು ಬಗ್ಗಿ ನೋಡಿದ ದೊಡ್ಡಪ್ಪ, ‘ಅಲ್ಲ ಮಾರಾಯ, ಏಳು ಹೆಜ್ಜೆ ಇಟ್ಟರೂ ಬಾಗಿಲು ಹಾಕ್ಲಿಲ್ಲವಲ್ಲ ನೀನು’ ಎಂದರು. ಆ ಮಾತನ್ನು ನಾನು ಹಾಗೆಯೇ ಕಥೆಗೆ ಎತ್ತಿಕೊಂಡಿದ್ದೇನೆ.

ಕೋನಾಡಿನಲ್ಲಿ ಮುಂಗಾರಿನ ಮೊದಲ ಮಳೆಗೆ ಮುನ್ನ ಊರವರೆಲ್ಲ ಸೇರಿ ಏಳು ಮೂಲೆಯ ಆಕೃತಿಯನ್ನು, ಅದು ಕೂಡುವುದಿಲ್ಲವೆಂದು ತಿಳಿದೇ, ಊರ ನಡುವೆ ಎಳೆಯುತ್ತಾರೆ. ಮಿಕ್ಕ ಆಕೃತಿಗಳೆಲ್ಲ ಮಳೆಯನ್ನು ತಡೆಯುವವು. ಇದೊಂದು ಮಾತ್ರ ಮಳೆಯನ್ನು ಒಳಕ್ಕೆ ಬಿಟ್ಟುಕೊಳ್ಳುವುದು. ಆ ಎರಡು ಬೆರಳಿನ ಸಂದಿನಿಂದ ನೀರು ಒಳಬಂದು ಪುಡಿಯನ್ನು ಕರಗಿಸಿ ಮಣ್ಣಿಗಿಳಿದ ಮೇಲೆಯೇ ಬಿತ್ತನೆ. ಎಲ್ಲ ಆಕೃತಿಯೂ ಕರಾರುವಾಕ್ಕಾಗಿ ಕೂಡುವ ಲೋಕದಲ್ಲಿ ನೆಲ ನೆನೆಯುವುದೇ ಇಲ್ಲ ಎಂಬುದು ಅವರ ತಿಳಿವಳಿಕೆ. ಆ ಸಂದನ್ನು ಯಾವ ಕಡೆಗೆ ಬಿಡಬೇಕು ಎಂಬುದರ ಮೇಲೆ ಮೇಲಿನ ಕೇರಿಗೂ ಕೆಳಗಿನ ಕೇರಿಗೂ ಪ್ರತಿವರ್ಷ ಜಗಳವಾಗುತ್ತದೆ. ಆ ಜಗಳವೇ ಎರಡನೆಯ ಕಥೆಯ ವಸ್ತು.

ಮಂಜರಾಬಾದ್ ಕೋಟೆಯೂ ನಕ್ಷತ್ರಾಕಾರದ್ದಲ್ಲವೇ? ಅದೂ ತಿರುಚೌಕವೇ?

ಸಕಲೇಶಪುರದ ಬಳಿ ಟಿಪ್ಪು ಸುಲ್ತಾನ 1792ರಲ್ಲಿ ಕಟ್ಟಿ ಮುಗಿಸಿದ ಆ ಕೋಟೆಗೆ ಎಂಟು ಮೂಲೆಗಳಿವೆ, ನಿಜ. ಆದರೆ ಅದರ ಹುಟ್ಟು ಬೇರೆ. ಫ್ರೆಂಚ್ ಸೇನಾ ಎಂಜಿನಿಯರ್ ವೋಬಾನನ ಪದ್ಧತಿಯ ಕೋಟೆಗಳಲ್ಲಿ ಮೂಲೆ ಹೊರಚಾಚುವುದು, ಗೋಡೆಯ ಬುಡಕ್ಕೆ ಬಂದ ಶತ್ರು ಪಕ್ಕದ ಮೂಲೆಯ ಕಣ್ಣಿಗೆ ಬೀಳುವಂತಿರಲಿ ಎಂಬುದಕ್ಕಾಗಿ. ಗುಡಿಯ ಮೂಲೆ ನೋಡಿಸಿಕೊಳ್ಳಲು, ಕೋಟೆಯ ಮೂಲೆ ನೋಡಲು. ಕೋನಾಡಿನಲ್ಲಿಯೂ ಕೋಟೆಯ ಮೂಲೆಗಳನ್ನು ಎಣಿಕೆಗೆ ತೆಗೆದುಕೊಳ್ಳುವುದಿಲ್ಲ.

ನಮ್ಮ ಚುಕ್ಕಿ ರಂಗೋಲಿಗೂ ಇದಕ್ಕೂ ನಂಟಿದೆಯೇ?

ಖಂಡಿತ ಇದೆ, ನನ್ನ ಅಜ್ಜಿಯ ಮೂಲಕ. ಅವರು ಏಳರಿಂದ ನಾಲ್ಕರವರೆಗಿನ ಸಂದು ಚುಕ್ಕಿ ಇಡುತ್ತಿದ್ದರು: ನಡುಸಾಲಿಗೆ ಏಳು, ಅದರ ಆಚೆ ಈಚೆ ಆರು, ಐದು, ನಾಲ್ಕು. ಒಟ್ಟು 37 ಚುಕ್ಕಿಗಳಾಗಿ, ಆರು ಮೂಲೆಯ ಸಮನಾದ ಹಾಸು ತಾನಾಗಿ ಮೂಡುತ್ತದೆ. ಕೈವಾರವಿಲ್ಲದೆ, ಪಟ್ಟಿಯಿಲ್ಲದೆ, ಬರಿಯ ಸಂದಿನ ಅಂದಾಜಿನಿಂದ. ಎಳೆ ರಂಗೋಲಿಯಲ್ಲಿ ಗೆರೆ ಚುಕ್ಕಿಯನ್ನು ಮುಟ್ಟದೆ ಅದರ ಸುತ್ತ ಬಳಸಿಕೊಂಡು ಹೋಗುತ್ತದೆಯಲ್ಲ, ಕಿತ್ತ ಗೂಟದ ತೂತಿನ ಮೇಲೆ ಕಾಲಿಡಬಾರದು ಎಂಬ ನಿಯಮ ಅದರಿಂದಲೇ ಬಂದದ್ದು. ಗೂಟದ ಆಕೃತಿ ಒಂದೇ ನಡುವಿನದು, ರಂಗೋಲಿಯದು 37 ನಡುಗಳದ್ದು. ಕೋನಾಡಿನ ಪಡುವಣ ಕರಾವಳಿಯ ಜನ ಎರಡನೆಯ ಪದ್ಧತಿಯವರು, ಅವರ ಕಥೆಯನ್ನು ಇನ್ನೂ ಬರೆದಿಲ್ಲ.

ಇದು ವಾಸ್ತುವೇ? ಮನೆ ಕಟ್ಟಿಸುವಾಗ ಅನುಸರಿಸಬಹುದೇ?

ಅಲ್ಲ. ದಯವಿಟ್ಟು ಅನುಸರಿಸಬೇಡಿ. ಹದಿನಾರು ಮೂಲೆಯ ಮನೆಗೆ ಗಿಲಾಯಿ ಮಾಡುವ ಮೇಸ್ತ್ರಿಯ ಶಾಪ ಯಾವ ದರ್ಶನಕ್ಕೂ ನಿವಾರಿಸಲಾಗದು.

ಕಥೆಗಳಲ್ಲಿ ಬರುವ ಹಳೆಯ ಪದಗಳು ಕಲ್ಪಿತವೇ?

ಬಹುಪಾಲು ನಿಜವಾದವು. ರೇಖಾಗಣಿತಕ್ಕೆ ಹಳಗನ್ನಡದವರು ಕ್ಷೇತ್ರಗಣಿತ ಎನ್ನುತ್ತಿದ್ದರು. ಹೊಯ್ಸಳರ ಕಾಲದ ರಾಜಾದಿತ್ಯ ಆ ಹೆಸರಿನ ಗ್ರಂಥವನ್ನೇ ಕನ್ನಡದಲ್ಲಿ ಬರೆದಿದ್ದಾನೆ. ವೃತ್ತಖಂಡದ ಕಂಸಕ್ಕೆ ಚಾಪ ಅಂದರೆ ಬಿಲ್ಲು, ಅದರ ತುದಿಗಳನ್ನು ಸೇರಿಸುವ ಗೆರೆಗೆ ಜ್ಯಾ ಅಂದರೆ ಹೆದೆ, ಹೆದೆಯ ನಡುವಿನಿಂದ ಬಿಲ್ಲಿನ ಬೆನ್ನಿಗಿರುವ ಅಂತರಕ್ಕೆ ಶರ ಎಂಬ ಹೆಸರುಗಳನ್ನು ನೋಡಿದರೆ, ನಮ್ಮ ಗಣಿತದವರು ಕಲ್ಪನೆಯಲ್ಲಿ ಕಥೆಗಾರರಿಗೆ ಕಡಿಮೆಯಿರಲಿಲ್ಲ ಎನಿಸುತ್ತದೆ. ಕೇಂದ್ರ ಎಂಬ ಪದ ಮಾತ್ರ ಗ್ರೀಕರಿಂದ ಬಂದದ್ದು, ಮೂಲದಲ್ಲಿ ಚುಚ್ಚುವ ಮೊನೆ ಎಂದರ್ಥ. ಆದ್ದರಿಂದಲೇ ನಾನು ಅದನ್ನು ಬಿಟ್ಟು ಗೂಟ ಎಂದೇ ಬಳಸಿದ್ದೇನೆ, ಎರಡೂ ನೆಲವನ್ನು ಚುಚ್ಚುವುದರಲ್ಲಿ ಒಂದೇ ಎಂಬುದು ಆಮೇಲೆ ತಿಳಿಯಿತು. ಬೇಲೂರಿನಲ್ಲಿ ಪ್ರತಿಷ್ಠೆ ನಡೆದಾಗ, 1114ರಲ್ಲಿ ಹುಟ್ಟಿದ ಭಾಸ್ಕರಾಚಾರ್ಯರು ಮೂರು ವರ್ಷದ ಮಗು ಎಂಬುದನ್ನು ನೆನೆದು ನಾನು ಆಗಾಗ ಸಂತೋಷಪಡುವುದುಂಟು.

ಸಾವಿನ ಬಗ್ಗೆ ಈ ದರ್ಶನ ಏನು ಹೇಳುತ್ತದೆ?

ಹಗ್ಗದವರು ಹಗ್ಗವನ್ನು ಸುತ್ತಿ ಗೂಟದವರ ಕೈಗೆ ಕೊಡುವುದು. ಇದಕ್ಕಿಂತ ಹೆಚ್ಚಿಗೆ ಅವರು ಹೇಳುವುದಿಲ್ಲ.

ಹದಿನಾರು ಮೂಲೆಯ ಆಕೃತಿಯನ್ನು ನಮ್ಮ ಅಂಗಳದಲ್ಲಿ ಎಳೆಯುವುದು ಹೇಗೆ?

ಗೂಟ ನೆಟ್ಟು ಒಂದು ವೃತ್ತ ಎಳೆಯಿರಿ. ಗೂಟದ ಮೂಲಕ ಹಗ್ಗವನ್ನು ಬಿಗಿಯಾಗಿ ಹಿಡಿದು ಒಂದು ನೇರ ಗೆರೆ ಹಾಕಿದರೆ ವೃತ್ತದ ಮೇಲೆ ಎದುರುಬದುರಾಗಿ ಎರಡು ಗುರುತು ಸಿಗುತ್ತವೆ. ಆ ಎರಡು ಗುರುತುಗಳಿಂದ, ಮೊದಲಿಗಿಂತ ಉದ್ದದ ಹಗ್ಗ ಹಿಡಿದು, ಒಂದನ್ನೊಂದು ಕತ್ತರಿಸುವಂತೆ ಕಂಸಗಳನ್ನು ಎಳೆದು, ಅವು ಕತ್ತರಿಸಿದ ಜಾಗಗಳನ್ನು ಸೇರಿಸಿದರೆ ಅಡ್ಡಗೆರೆ ದೊರೆತು ನಾಲ್ಕು ಗುರುತುಗಳಾಗುತ್ತವೆ. ಇದೇ ಉಪಾಯದಿಂದ ಪಕ್ಕಪಕ್ಕದ ಗುರುತುಗಳ ನಡುವನ್ನು ಅರ್ಧಿಸುತ್ತ ಹೋದರೆ ಎಂಟು, ಮತ್ತೊಮ್ಮೆ ಅರ್ಧಿಸಿದರೆ ಹದಿನಾರು. ಈಗ ಯಾವುದಾದರೂ ಒಂದು ಗುರುತಿನಿಂದ ಹೊರಟು, ಪ್ರತಿ ಸಲ ನಾಲ್ಕನೆಯ ಗುರುತಿಗೆ ಗೆರೆ ಹಾಕುತ್ತ ಬಂದರೆ ಒಂದು ಚೌಕ ಮುಗಿಯುತ್ತದೆ. ಪಕ್ಕದ ಗುರುತಿಗೆ ಸರಿದು ಮತ್ತೆ ಅದೇ ಕೆಲಸ. ನಾಲ್ಕು ಚೌಕಗಳಾದ ಮೇಲೆ ಒಳಗಿನ ಗೆರೆಗಳನ್ನು ಒರೆಸಿ ಹೊರಗೆರೆಯನ್ನಷ್ಟೇ ಉಳಿಸಿಕೊಳ್ಳಿ. ಎರಡು ಮೂಲೆಗಳ ನಡುವಿನ ತಗ್ಗು, ಗೂಟದಿಂದ ಮೂಲೆಗಿರುವ ದೂರದ ನೂರಕ್ಕೆ 85ರಷ್ಟು ದೂರದಲ್ಲಿ ಬಿದ್ದಿದ್ದರೆ ಕೈ ತಪ್ಪಿಲ್ಲವೆಂದು ತಿಳಿಯಬಹುದು.

ತೆಂಗಿನ ನಾರಿನ ಹಗ್ಗ ಬೇಡ. ಎಳೆದಂತೆ ಉದ್ದವಾಗುತ್ತದೆ, ನೆನೆದರೆ ಅಳತೆಯೇ ಬದಲಾಗುತ್ತದೆ. ಮೇಸ್ತ್ರಿಗಳು ವರಸೆ ನೋಡಲು ಬಳಸುವ ತೆಳುವಾದ ನೈಲಾನ್ ದಾರ ಆಗಬಹುದು, ಅದನ್ನೂ ಹಿಂದಿನ ರಾತ್ರಿ ಒಂದು ಕಲ್ಲು ಕಟ್ಟಿ ಇಳಿಬಿಟ್ಟಿರಬೇಕು. ಹೆಬ್ಬೆರಳಿನಿಂದ ಒತ್ತಿ ಹಿಡಿಯುವವರಿಗೆ ಅರ್ಧ ಗಂಟೆಯಲ್ಲಿ ಕೈ ಮರಗಟ್ಟುತ್ತದೆ, ಆದ್ದರಿಂದ ಎಂಟು ಗುರುತುಗಳಾದ ಮೇಲೆ ಒಮ್ಮೆ ಸ್ಥಾನ ಬದಲಿಸಿಕೊಳ್ಳಿ. ನಾಲ್ಕನೆಯ ಚೌಕ ಮುಗಿಯುವ ತನಕ ಗೂಟವನ್ನು ಕೀಳಬೇಡಿ.